ಪ್ರಳಯಕ್ಕಿನ್ನೂ ಟೈಮಿದೆ, ಗೌಡ್ರೇ

ಲೋಕ ಮುಳುಗುವ ಸುದ್ದಿ ನಮ್ಮ ಬೀದಿಗೆ ಬರುವುದು ಪಕ್ಕದ ಮನೆ ಗೌಡರ ಬಾಯಿಂದ. ರಾತ್ರಿ ಟೀವಿಯಲ್ಲಿ ಕೇಳಿದ್ದನ್ನು ಬೆಳಿಗ್ಗೆ ಹಲ್ಲುಪುಡಿ ಉಗಿದು, ಬಾಯಿ ಮುಕ್ಕಳಿಸಿ, ಕಾಂಪೌಂಡಿನ ಮೇಲೆ ಮೊಣಕೈ ಊರಿ ಒಪ್ಪಿಸುತ್ತಾರೆ.

“ಮೇಷ್ಟ್ರೇ, ಈ ಸಲ ಗ್ಯಾರಂಟಿ ಕಣ್ರೀ.”

“ಯಾವುದು, ಸರ್ಕಾರದ್ದಾ?”

“ಅದಲ್ಲ ಬುಡಿ. ಲೋಕಾನೇ ಮುಗೀತದಂತೆ. ಗ್ರಹ ಎಲ್ಲಾ ಒಂದೇ ಕಡೆ ಸೇರ್ಕತಾವಂತೆ.”

ಈ ವಿಷಯದಲ್ಲಿ ನನಗೆ ಗಾಬರಿ ಬರಿಸುವುದು ಕಷ್ಟ. ನಮ್ಮ ನಂಜನಗೂಡಿನ ಕಪಿಲೆಯ ಸ್ನಾನಘಟ್ಟದಲ್ಲಿ ಪುರೋಹಿತರು ದಿನಾ ಸಂಕಲ್ಪ ಹೇಳಿಸುತ್ತಾರಲ್ಲ, ಅದರಲ್ಲಿ ‘ಕಲಿಯುಗೇ ಪ್ರಥಮಪಾದೇ’ ಅಂತ ಬರುತ್ತದೆ. ನಾವಿನ್ನೂ ಮೊದಲ ಕಾಲುಭಾಗದಲ್ಲೇ ಇದ್ದೇವೆ. ಕಲಿಯುಗದ ಒಟ್ಟು ಅವಧಿ 4,32,000 ವರ್ಷ. ಪಂಚಾಂಗದ ಪ್ರಕಾರ ಅದು ಶುರುವಾದದ್ದು ಕ್ರಿ.ಪೂ. 3102ರಲ್ಲಿ. ಕಳೆದದ್ದು 5,000 ಚಿಲ್ಲರೆ, ಬಾಕಿಯಿರುವುದು 4,26,000ಕ್ಕೂ ಮೇಲೆ. ಇಷ್ಟು ಸರ್ವೀಸು ಬಾಕಿಯಿರುವ ನೌಕರ ಯಾರಾದರೂ ಈಗಲೇ ಪಿಂಚಣಿ ಕಾಗದ ಹಿಡಿದು ಟ್ರೆಜರಿಗೆ ಅಲೆಯುತ್ತಾನಾ?

“ನೀವು ಪುಸ್ತಕದ್ದು ಹೇಳ್ತೀರಿ. ನಮ್ಮಪ್ಪ ಅಷ್ಟಗ್ರಹ ಕೂಟಾನ ಕಣ್ಣಾರೆ ಕಂಡವ್ನೆ.”

ಕಂಡಿದ್ದಾರು. 1962ರ ಫೆಬ್ರವರಿ ಮೊದಲ ವಾರ, ಮಕರ ರಾಶಿಯಲ್ಲಿ ಕೇತುವನ್ನೂ ಸೇರಿಸಿ ಎಂಟು ಗ್ರಹ. ಸಾಲದ್ದಕ್ಕೆ ಅಮಾವಾಸ್ಯೆ, ಅದರ ಮೇಲೊಂದು ಸೂರ್ಯಗ್ರಹಣ. ದೇಶದ ತುಂಬ ಹೋಮ, ಜಪ, ಭಜನೆ. ಪ್ರಧಾನಿ ನೆಹರೂ ನಕ್ಕುಬಿಟ್ಟರು. ವಾರ ಕಳೆಯಿತು, ಹಾಲಿನವನು ಎಂದಿನಂತೆ ನೀರು ಬೆರೆಸಿಯೇ ತಂದ. ಆದರೆ ಅದೇ ಅಕ್ಟೋಬರಿನಲ್ಲಿ ಚೀನಾ ಯುದ್ಧ ಶುರುವಾದಾಗ ‘ನಾವು ಹೇಳಿರಲಿಲ್ಲವೇ’ ಅಂದವರಿಗೇನೂ ಬರವಿರಲಿಲ್ಲ. ಪ್ರಳಯ ಹೇಳುವವನಿಗೆ ಸೋಲೇ ಇಲ್ಲ ನೋಡಿ. ಬರದಿದ್ದರೆ ಹೋಮದಿಂದ ತಪ್ಪಿತು, ಬೇರೇನಾದರೂ ಬಂದರೆ ಅದೇ ಇದು.

ಆಮೇಲೆ 1979ರ ಜುಲೈಯಲ್ಲಿ ಸ್ಕೈಲ್ಯಾಬ್. ತಲೆಯ ಮೇಲೇ ಬೀಳುತ್ತದೆ ಅಂತ ಹಳ್ಳಿಗಳಲ್ಲಿ ಸಾಕಿದ ಕೋಳಿ ಕುರಿ ಕೊಯ್ದು ಉಂಡರು. ಸಾಯುವುದೇ ಆದರೆ ಸಾರಿನ ಜೊತೆ ಸಾಯೋಣ ಅಂತ. ಅದು ಹೋಗಿ ಬಿದ್ದದ್ದು ಹಿಂದೂ ಮಹಾಸಾಗರಕ್ಕೆ, ಪಶ್ಚಿಮ ಆಸ್ಟ್ರೇಲಿಯಾದ ಬಯಲಿಗೆ. ಅಲ್ಲಿನ ಎಸ್ಪೆರೆನ್ಸ್ ಊರಿನ ಆಡಳಿತದವರು ಕಸ ಹಾಕಿದ್ದಕ್ಕೆ ನಾಸಾ ಸಂಸ್ಥೆಗೆ 400 ಡಾಲರ್ ದಂಡ ಬರೆದು ಕಳಿಸಿದರು. ಆಕಾಶದಿಂದ ಬಿದ್ದದ್ದಕ್ಕೂ ಚಲನ್ ಹರಿದ ಆ ಗುಮಾಸ್ತನ ಬಗ್ಗೆ ನನಗೆ ಅಪಾರ ಗೌರವ. 2012ರ ಡಿಸೆಂಬರ್ 21ರ ಮಾಯಾ ಪಂಚಾಂಗ ನಮ್ಮ ಟೀವಿಗಳ ಕೈಗೆ ಸಿಕ್ಕಿ ಏನಾಯಿತು ಅನ್ನುವುದು ಎಲ್ಲರಿಗೂ ನೆನಪಿದೆ, ಬಿಡಿ.

ಇವೆಲ್ಲ ಹೊರಗಿನಿಂದ ತರಿಸಿದ ಮಾಲು. ನಮ್ಮ ಸೀಮೆಗೆ ಸ್ವಂತದ್ದೇ ಒಂದು ಪ್ರಳಯವಿದೆ, ಟಿ. ನರಸೀಪುರ ತಾಲ್ಲೂಕಿನ ತಲಕಾಡಿನಲ್ಲಿ. ಅಲಮೇಲಮ್ಮನ ಶಾಪ ಗೊತ್ತಿಲ್ಲದ ಮಗು ಈ ಕಡೆ ಇಲ್ಲ. ತಲಕಾಡಿಗೆ ಮರಳು, ಮಾಲಂಗಿಗೆ ಮಡು, ಮೈಸೂರು ಅರಸರಿಗೆ ಸಂತಾನವಿಲ್ಲ. 1610ರಲ್ಲಿ ರಾಜ ಒಡೆಯರು ಶ್ರೀರಂಗಪಟ್ಟಣ ಹಿಡಿದರು. ಅಲ್ಲಿದ್ದ ವಿಜಯನಗರದ ಪ್ರತಿನಿಧಿಯ ಹೆಂಡತಿ ಅಲಮೇಲಮ್ಮ ತಲಕಾಡಿನ ಕಡೆ ಬಂದಳು, ಒಡವೆ ಕೇಳಿಕೊಂಡು ಅರಮನೆಯ ಆಳುಗಳು ಬೆನ್ನು ಹತ್ತಿದರು, ಶಾಪ ಕೊಟ್ಟು ಕಾವೇರಿಗೆ ಹಾರಿದಳು ಅನ್ನುವುದು ಕಥೆ.

ಗೌಡರ ಅವ್ವ ಜಗಲಿಯಲ್ಲಿ ಎಲೆಗೆ ಸುಣ್ಣ ಹಚ್ಚುತ್ತಾ ಕೂತಿದ್ದವರು ಅಲ್ಲಿಂದಲೇ ಕೇಳಿದರು: “ಆ ಹೆಣ್ಮಗಳ ಕಣ್ಣೀರು ಸುಮ್ಕೆ ಹೋದದಾ ಮೇಷ್ಟ್ರೇ?”

ಇದು ಮಾತು. ಗಂಡನಿಲ್ಲ, ಕೋಟೆಯಿಲ್ಲ, ದಂಡಿಲ್ಲ. ಉಳಿದದ್ದು ನಾಲಿಗೆ ಒಂದೇ, ಅದನ್ನೇ ಬೀಸಿದಳು. ಗೆದ್ದ ಅರಮನೆಯೇ ಆಕೆಯ ಮೂರ್ತಿ ಇಟ್ಟು ಪೂಜೆ ಮಾಡಿಕೊಂಡು ಬಂತು. ನಮ್ಮ ಕಾಲಜ್ಞಾನಗಳೂ ಇದೇ ಬಳಗ. ಶರಣರ ಕಲ್ಯಾಣ ಕೆಟ್ಟ ಮೇಲಿನ ಕಾಲಜ್ಞಾನಗಳಲ್ಲಿ ಎಂದೋ ಒಂದು ದಿನ ವೀರವಸಂತರಾಯನೆಂಬ ಅರಸ ಬಂದು ನ್ಯಾಯ ಹೇಳುತ್ತಾನೆ. ಕೊಡೇಕಲ್ಲಿನ ಪರಂಪರೆಯವರು ಅದನ್ನು ತಮ್ಮದೇ ಅಮರಗನ್ನಡ ಲಿಪಿಯಲ್ಲಿ ಬಚ್ಚಿಟ್ಟುಕೊಂಡರು. ನಮ್ಮ ಕಡೆ ನೀಲಗಾರರು ತಂಬೂರಿ ಮೀಟಿ ಹಾಡುವ ಮಂಟೇಸ್ವಾಮಿಯೂ ಕೆಟ್ಟ ಕಲ್ಯಾಣವನ್ನು ಕಂಡು ಈ ಕಡೆ ನಡೆದು ಬಂದವನೇ. ಕುವೆಂಪು ಅವರ ‘ಕಲ್ಕಿ’ಯಲ್ಲಿ ಕುದುರೆ ಏರಿದ ಅವತಾರಪುರುಷನಿಗಿಂತ ಹಸಿದವರ ಸಿಟ್ಟೇ ದೊಡ್ಡದು. ಉಳ್ಳವನಿಗೆ ಪ್ರಳಯ ಅಂದರೆ ಹೆದರಿಕೆ, ಇಲ್ಲದವನಿಗೆ ಅದು ಬಾಕಿ ಚುಕ್ತಾ ಆಗುವ ದಿನ. ಹಾಗಾಗಿ ಯಾರೇ ಲೋಕ ಮುಳುಗುತ್ತದೆ ಅಂದರೂ ನಾನು ಮೊದಲು ನೋಡುವುದು ಹೇಳಿದವನ ಕೈಯನ್ನು. ಬರಿಗೈಯಾದರೆ ಕೂತು ಕೇಳುತ್ತೇನೆ. ಕೈಯಲ್ಲಿ ಮೈಕು ಇದ್ದರೆ ಕಾಫಿಗೆ ಏಳುತ್ತೇನೆ.

ಮೈಕಿನವರಲ್ಲಿ ರಾಜಕಾರಣಿಗಳೇ ಮುಂದು. ಪ್ರತಿ ಚುನಾವಣೆಯೂ ‘ಇದೇ ಕೊನೆಯ ಅವಕಾಶ’. ಕಳೆದ ಸಲ ಗೌಡರು ಒಂದೇ ಸಂಜೆ ಎರಡು ಸಭೆಗೆ ಹೋಗಿ ಎರಡು ಪ್ರಳಯ ಹೊತ್ತು ತಂದರು. ಒಬ್ಬ ಗೆದ್ದರೆ ಧರ್ಮ ಮುಳುಗುತ್ತದೆ, ಇನ್ನೊಬ್ಬ ಗೆದ್ದರೆ ಸಂವಿಧಾನ. ಬಿರಿಯಾನಿ ಮಾತ್ರ ಒಂದು ಕಡೆಯದ್ದೇ ಚೆನ್ನಾಗಿತ್ತಂತೆ. ಇವರಿಗಿಂತ ಮೈಲಾರದ ಗೊರವಯ್ಯ ವಾಸಿ. ಉಪವಾಸ ಮಾಡಿ, ಬಿಲ್ಲು ಏರಿ, ಒಂದೇ ಒಂದು ವಾಕ್ಯದ ಕಾರಣಿಕ ನುಡಿದು ಇಳಿಯುತ್ತಾನೆ. ಅದು ಮಳೆಯೋ ಬೆಳೆಯೋ ಸರ್ಕಾರವೋ ಅನ್ನುವುದು ಕೇಳಿದವರ ಪಾಡು.

“ವಿಜ್ಞಾನಿಗಳೂ ಗಡಿಯಾರ ಇಟ್ಟವ್ರಂತಲ್ಲ?” ಗೌಡರು ಬಿಡುವವರಲ್ಲ.

ಇಟ್ಟಿದ್ದಾರೆ. ಅಣುಬಾಂಬು ಬಿದ್ದ ಮೇಲೆ, 1947ರಲ್ಲಿ, ಅಮೆರಿಕದ ಅಣುವಿಜ್ಞಾನಿಗಳು ಇಟ್ಟದ್ದು. ನಡುರಾತ್ರಿ 12 ಹೊಡೆದರೆ ಕಥೆ ಮುಗಿಯಿತು ಅಂತ ಲೆಕ್ಕ. ಶುರುವಿಗೆ 7 ನಿಮಿಷ ಬಾಕಿ ಅಂದಿದ್ದರು, 2025ರ ಜನವರಿಯಲ್ಲಿ 89 ಸೆಕೆಂಡಿಗೆ ತಂದರು. ಈಗ ಬಾಂಬಿನ ಜೊತೆ ಹವಾಮಾನದ ಬಿಸಿಯನ್ನೂ ಸೇರಿಸಿಕೊಂಡಿದ್ದಾರೆ. ಆದರೆ 1991ರಲ್ಲಿ ಅಮೆರಿಕ, ಸೋವಿಯತ್ ಒಕ್ಕೂಟ ಬಾಂಬು ಕಡಿಮೆ ಮಾಡಲು ಒಪ್ಪಿದಾಗ ಅದೇ ಮುಳ್ಳನ್ನು 17 ನಿಮಿಷಕ್ಕೆ ಹಿಂದಕ್ಕೂ ತಿರುಗಿಸಿದ್ದರು. ಶನಿ ಗುರುಗಳನ್ನು ಹಿಂದಕ್ಕೆ ತಿರುಗಿಸುವುದಕ್ಕೆ ನಮ್ಮ ಕೈಲಾಗದು. ಈ ಮುಳ್ಳು ಆ ಜಾತಿಯದ್ದಲ್ಲ.

ತಲಕಾಡಿನ ಮರಳೂ ಆ ಜಾತಿಯದ್ದಲ್ಲ ಅನ್ನುವುದು ನನ್ನ ತಕರಾರು. ಮೂವತ್ತಕ್ಕೂ ಹೆಚ್ಚು ದೇವಸ್ಥಾನ ಮರಳಡಿ ಇವೆ, ದಿಬ್ಬಗಳು ವರ್ಷಕ್ಕೆ 9-10 ಅಡಿ ಊರಿನತ್ತ ಸರಿಯುತ್ತವೆ, ಅದೂ ಮುಂಗಾರಿನ ಗಾಳಿ ಬೀಸುವಾಗ, ಎಂದು ಬ್ರಿಟಿಷರ ಕಾಲದ ಗೆಜೆಟಿಯರಿನಲ್ಲೇ ಬರೆದಿದೆ. ಕೃಷಿ ವಿಜ್ಞಾನಿಯೂ ಕಾದಂಬರಿಕಾರರೂ ಆದ ಕೆ. ಎನ್. ಗಣೇಶಯ್ಯ 2007ರಲ್ಲಿ ‘ಕರೆಂಟ್ ಸೈನ್ಸ್’ ಪತ್ರಿಕೆಯಲ್ಲಿ ಇದರ ಜಾಡು ಹಿಡಿದರು. 14ನೇ ಶತಮಾನದಲ್ಲಿ ವಿಜಯನಗರದ ಮಾಧವಮಂತ್ರಿ ಹೊಳೆಗೆ ಅಣೆಕಟ್ಟೆ ಕಟ್ಟಿಸಿದ. ನೀರು ತಗ್ಗಿ ಹೊಳೆಯ ಮರಳು ಬಯಲಾಯಿತು. ನೈಋತ್ಯದ ಗಾಳಿ ಅದನ್ನು ಎತ್ತಿ ಎತ್ತಿ ಆಚೆ ದಡದ ಊರಿನ ಮೇಲೆ ಸುರಿಯಿತು.

“ಅಂದ್ರೆ ಕಟ್ಟೆ ಕಟ್ಟಿದ್ದು ಶಾಪಕ್ಕೂ ಮುಂಚೆಯಾ?”

“ಎರಡು ಶತಮಾನಕ್ಕೂ ಮುಂಚೆ.”

ಗೌಡರು ಸ್ವಲ್ಪ ಹೊತ್ತು ಲೆಕ್ಕ ಹಾಕಿದರು. “ಹಂಗಾದ್ರೆ ಆವಮ್ಮ ಬಾಯ್ ತೆಗೆಯೋ ಹೊತ್ಗೆ ಮರಳು ಅರ್ಧ ದಾರಿ ಬಂದಿತ್ತು ಅನ್ನಿ.” ಆಮೇಲೆ, “ಈಗಿನ ಲಾರಿ ಮರಳಿನ ರೇಟು ಗೊತ್ತಿದ್ರೆ ಬೇರೆ ಏನಾರ ಶಾಪ ಕೊಡೋರು.”

ನಗುವಂಥದ್ದೇ. ಆದರೆ ಶಾಪ ಅಂದುಬಿಟ್ಟರೆ ಕಟ್ಟೆಯ ಲೆಕ್ಕ ಕೇಳುವವರೇ ಇರುವುದಿಲ್ಲ. ಐದು ಲಿಂಗಗಳ ದರ್ಶನಕ್ಕೆ ಲಕ್ಷಾಂತರ ಜನ ಆ ಮರಳಲ್ಲಿ ಕಾಲು ಹುಗಿದುಕೊಂಡು ನಡೆಯುತ್ತಾರೆ, 2013ರಲ್ಲೂ ನಡೆದರು. ಹೊಳೆಗೆ ಏನು ಮಾಡಿದರೆ ಊರಿಗೆ ಏನಾಗುತ್ತದೆ ಅನ್ನುವ ಪಾಠ ಕಾಲಡಿಯಲ್ಲೇ ಇದೆ. ಮೇಲೆ ಬಂದು ಕಾಲು ಕೊಡವಿ ಬಸ್ಸು ಹತ್ತುತ್ತೇವೆ. 2018, 2019ರಲ್ಲಿ ಕಬಿನಿ ಅಣೆಕಟ್ಟಿನಿಂದ ನೀರು ಬಿಟ್ಟಾಗಲೂ ಅಷ್ಟೆ. ಮೈಸೂರು ರಸ್ತೆ ಮಲ್ಲನಮೂಲೆ ಹತ್ತಿರ ಮುಚ್ಚಿತು. ನಮ್ಮವರು ಹದಿನಾರು ಕಾಲು ಮಂಟಪ ಎಷ್ಟು ಮುಳುಗಿದೆ ನೋಡಲು ಕೊಡೆ ಹಿಡಿದು ಹೊರಟರು. 2020ರಲ್ಲಿ ಔಷಧಿ ಕಾರ್ಖಾನೆಯೊಂದರ ಕೊರೋನಾದಿಂದ ದಿನಾ ರಾಜ್ಯದ ಸುದ್ದಿಯಲ್ಲಿ ನಂಜನಗೂಡಿನ ಹೆಸರು ಬಂದಾಗ, ಆ ವರ್ಷ ದೊಡ್ಡ ಜಾತ್ರೆಯ ತೇರೂ ನಿಂತಾಗ, ಒಬ್ಬ ಜ್ಯೋತಿಷಿಯೂ ಮೊದಲೇ ಹೇಳಿರಲಿಲ್ಲ.

ಇನ್ನೊಂದು ಪ್ರಳಯ ಗೌಡರ ಹೊಲದಲ್ಲೇ ಆಗಿಹೋಗಿದೆ. ಅದನ್ನು ಅವರು ಪಟ್ಟಿಗೇ ಸೇರಿಸುವುದಿಲ್ಲ. ಅವರ ಅಪ್ಪನ ಕಾಲಕ್ಕೆ ಅಲ್ಲಿ ರಸಬಾಳೆ ಇತ್ತು. ಎಲೆ ಹಳದಿಯಾಗಿ ದಿಂಡಿಗೆ ಜೋತುಬಿತ್ತು, ಬುಡ ಸೀಳಿದರೆ ಒಳಗೆ ಕೆಂಪು ಕಂದು ಗೆರೆ. ಪನಾಮಾ ಸೊರಗು ರೋಗ. ಮಣ್ಣಿನಲ್ಲಿ ಕೂತ ಶಿಲೀಂಧ್ರ ದಶಕಗಟ್ಟಲೆ ಏಳುವುದಿಲ್ಲ, ರೋಗದ ತೋಟದ ಕಂದು ತಂದು ನೆಟ್ಟರೆ ಹೊಸ ಹೊಲಕ್ಕೂ ಹೋಗುತ್ತದೆ. ಜಗತ್ತಿನ ಪೇಟೆಯನ್ನೆಲ್ಲ ಆಳಿದ ಗ್ರೋ ಮಿಶೆಲ್ ಬಾಳೆ 1960ರ ಹೊತ್ತಿಗೆ ಇದೇ ರೋಗಕ್ಕೆ ಪೇಟೆಯಿಂದ ಎದ್ದುಹೋಯಿತು. ನಂಜನಗೂಡು ರಸಬಾಳೆಗೆ ಭೌಗೋಳಿಕ ಸೂಚಕದ ಮುದ್ರೆಯೇನೋ ಸಿಕ್ಕಿತು. ಮುದ್ರೆ ಒತ್ತುವ ಹೊತ್ತಿಗೆ ಬಾಳೆಯೇ ಅಪರೂಪವಾಗಿತ್ತು. ಗ್ರಹಗತಿ ಕೆಟ್ಟಿತು ಅಂತ ಆಗ ಯಾರೂ ಹೋಮ ಮಾಡಿಸಲಿಲ್ಲ, ಯಾವ ಪಕ್ಷದವನೂ ‘ಕೊನೆಯ ಅವಕಾಶ’ ಅನ್ನಲಿಲ್ಲ.

ಈಚೆಗೆ ಅಂಗಾಂಶ ಕೃಷಿಯ ಸಸಿ ತಂದು ಮತ್ತೆ ನೆಡುತ್ತಿರುವ ರೈತರಿದ್ದಾರೆ, ದೇವರಸನಹಳ್ಳಿ ಕಡೆ ಹೋದರೆ ಕೇಳಿ. ನಂಜುಂಡೇಶ್ವರನ ದರ್ಶನಕ್ಕೆ ಬಂದಾಗ ಬೀದಿಯಲ್ಲಿ ರಸಬಾಳೆ ಅಂತ ಕೂಗುವುದೆಲ್ಲ ರಸಬಾಳೆಯಲ್ಲ. ಯಾರ ತೋಟದ್ದು ಅಂತ ವಿಚಾರಿಸಿ. ಅಸಲಿ ಅನ್ನಿಸಿದರೆ ಚೌಕಾಸಿ ಮಾಡಬೇಡಿ, ಹೇಳಿದ ರೇಟಿಗೇ ಒಂದು ಚಿಪ್ಪು ಕೊಳ್ಳಿ.