ಕಂತಿನ ಪುರಾಣ

ನಮ್ಮ ಹುಬ್ಬಳ್ಳಿ ಮನೆಯ ಕರೆಗಂಟೆಗೆ ಅಂಗಡಿಯವನು ಹಾಕಿದ ಬೆಲೆ 900 ರೂಪಾಯಿ. ನನಗೆ ಅದು ಬೀಳುವುದು 1,874ಕ್ಕೆ. ಒತ್ತಿದರೆ ಕೋಗಿಲೆ ಕೂಗುತ್ತದೆ. ಮೊದಲ ಕೂಗು ಅಸಲಿನದು, ಎರಡನೆಯದು ಬಡ್ಡಿಯದು ಎಂದು ನಾನು ಲೆಕ್ಕ ಹಿಡಿದಿದ್ದೇನೆ. ಮನೆ ಸಾಲದ ದುಡ್ಡಿನಲ್ಲೇ ಕೊಂಡ ಗಂಟೆ ಅದು. ಶೇಕಡಾ 8.5ರ ಬಡ್ಡಿಯಲ್ಲಿ 20 ವರ್ಷಕ್ಕೆ ತಂದ ಪ್ರತಿ ಒಂದು ರೂಪಾಯಿ, ತೀರುವ ಹೊತ್ತಿಗೆ 2 ರೂಪಾಯಿ 8 ಪೈಸೆ ಆಗಿರುತ್ತದೆ. ಈ ಗಣಿತ ತಿಳಿದ ದಿನದಿಂದ ಮನೆಯಲ್ಲಿ ಪ್ರತಿಯೊಂದಕ್ಕೂ ಎರಡೆರಡು ಬೆಲೆ. 70 ಸಾವಿರದ ಸಾಗವಾನಿ ಮುಂಬಾಗಿಲು 1 ಲಕ್ಷ 45 ಸಾವಿರದ ಮೇಲೆ ಹೋಯಿತು. ಅಡಿಗೆಮನೆಯ ಕಟ್ಟೆಗಲ್ಲನ್ನು ನೋಡಿ ನಾನು ಲೆಕ್ಕ ಶುರು ಮಾಡಿದರೆ ಹೆಂಡತಿ, ‘ರೊಟ್ಟಿ ಬಡಿಯೂ ಹೊತ್ತಿನ್ಯಾಗ ಬಡ್ಡಿ ಹಚ್ಚಬ್ಯಾಡ್ರಿ’ ಅನ್ನುತ್ತಾಳೆ. ನಮ್ಮ ಮನೆಯಲ್ಲಿ ನನಗೆ ಅತ್ಯಂತ ಪ್ರಿಯವಾದ ವಸ್ತು ಅವಳ ತವರಿನಿಂದ ಬಂದ ಹಳೇ ಕುಕ್ಕರು. ಅದೊಂದಕ್ಕೆ ಬಡ್ಡಿಯಿಲ್ಲ.

ಮನೆ ಕಟ್ಟುವುದರ ಬಗೆಗಿನ ಆ ಗಾದೆಯನ್ನು ನಾನು ಇಲ್ಲಿ ಹೇಳುವುದಿಲ್ಲ. ನೀವು ಆಗಲೇ ಮನಸ್ಸಿನಲ್ಲಿ ಹೇಳಿಕೊಂಡಾಗಿದೆ.

ಸಾಲ ಮಂಜೂರಾದದ್ದು 2018ರ ಜುಲೈನಲ್ಲಿ. 20 ಲಕ್ಷ. ಬ್ಯಾಂಕಿನ ಸಾಹೇಬರು ಚಹಾ ತರಿಸಿ, ‘15 ವರ್ಷಕ್ಕ ಮಾಡಿದ್ರ ಕಂತು 19,695 ಬರತೈತ್ರಿ ಸರ, 20ಕ್ಕ ಮಾಡಿದ್ರ 17,356’ ಎಂದರು. ಸಾಲಿ ಮಾಸ್ತರನ ಸಂಬಳಕ್ಕೆ ಎರಡನೆಯದೇ ಹಗುರ ಎಂದು ನಾನು ತಟ್ಟನೆ ಅದಕ್ಕೇ ಕೈ ಹಾಕಿದೆ. ತಿಂಗಳಿಗೆ 2,339 ರೂಪಾಯಿ ಉಳಿಸಿದ ಈ ಜಾಣತನಕ್ಕೆ ಒಟ್ಟು 6 ಲಕ್ಷ 20 ಸಾವಿರ ಹೆಚ್ಚಿಗೆ ತೆರಬೇಕಾಗುತ್ತದೆ ಎಂಬುದು ನನಗೆ ತಿಳಿದದ್ದು ಚಹಾ ಆರಿ ಎಷ್ಟೋ ತಿಂಗಳಾದ ಮೇಲೆ. ಸಾಹೇಬರು ಸುಳ್ಳು ಹೇಳಲಿಲ್ಲ. ನಾನು ಕಂತು ಎಷ್ಟು ಎಂದು ಕೇಳಿದೆ, ಅವರು ಕಂತು ಹೇಳಿದರು. ಒಟ್ಟು ಎಷ್ಟು ಎಂದು ಕೇಳಿದ್ದರೆ ಅದನ್ನೂ ಹೇಳುತ್ತಿದ್ದರೋ ಏನೋ. ನಡುವೆ 60 ಸಾವಿರದ ಒಂದು ವಿಮೆಯನ್ನು ಮಾತ್ರ ‘ಇದು ಇರಬೇಕಾಗತೈತ್ರಿ’ ಎನ್ನುತ್ತ ಸಾಲದೊಳಗೇ ನುಸುಳಿಸಿದರು. ಕೋಗಿಲೆಯ ಲೆಕ್ಕದಲ್ಲಿ ಅದು ಈಗ ಒಂದೂಕಾಲು ಲಕ್ಷ.

ಆ ವರ್ಷದ ನಾಗರ ಪಂಚಮಿಗೆ ನಮ್ಮೂರು ಹಿರೇಬೆಂಡಿಗೇರಿಗೆ ಹೋದಾಗ ಬ್ಯಾಂಕಿನವರು ಕೊಟ್ಟ ಕಂತಿನ ಪಟ್ಟಿಯನ್ನೂ ಚೀಲದಲ್ಲಿ ಹಾಕಿಕೊಂಡಿದ್ದೆ. ಆರು ಹಾಳೆ, 240 ಸಾಲು. ಅವ್ವ ಪಡಸಾಲೆಯಲ್ಲಿ ಶೇಂಗಾ ಉಂಡಿ ಕಟ್ಟುತ್ತಿದ್ದಳು. ಅಪ್ಪ ಪಟ್ಟಿ ಇಸಿದುಕೊಂಡು ಹೊಲದ ಉತಾರ ಓದುವ ಹಾಗೆ ಬೆರಳಿಟ್ಟು ಓದತೊಡಗಿದ.

‘ಇದರಾಗ ಸಾಲಕ್ಕ ಹೋಗೂದು ಯಾವ ಕಲಮು?’

‘ಮೂರನೇದು ಅಪ್ಪಾ. 3,190.’

‘ಉಳದ ಹದಿನಾಕ ಸಾವಿರ?’

‘ಬಡ್ಡಿ.’

ಅಪ್ಪ ಕನ್ನಡಕ ತೆಗೆದು ಧೋತರದ ಚುಂಗಿನಿಂದ ಒರೆಸಿದ. ತಪ್ಪು ಕನ್ನಡಕದ್ದೇ ಇರಬಹುದೆಂಬ ಆಸೆ ಅವನಿಗೆ ಇನ್ನೂ ಇತ್ತು. ಮತ್ತೆ ನೋಡಿದ. 14,167 ಅಲ್ಲೇ ಕೂತಿತ್ತು. ಬೆರಳು ಕೆಳಗಿಳಿಯುತ್ತ ಹೋಯಿತು. ಐದು ವರ್ಷ ಮುಗಿಯುವ 60ನೆಯ ಸಾಲಿಗೆ ಬಂದಾಗ ಕಟ್ಟಿದ್ದು 10 ಲಕ್ಷ 41 ಸಾವಿರ, ಸಾಲದಲ್ಲಿ ಇಳಿದದ್ದು 2 ಲಕ್ಷ 37 ಸಾವಿರ. ಅಸಲಿನ ಪಾಲು ಬಡ್ಡಿಯ ಪಾಲನ್ನು ಮೊದಲ ಸಲ ದಾಟುವುದು 143ನೆಯ ಕಂತಿನಲ್ಲಿ, ಅಂದರೆ ಹನ್ನೆರಡು ವರ್ಷದ ಹತ್ತಿರ. ಸಾಲ ಅರ್ಧಕ್ಕೆ ಬರುವುದು 166ರಲ್ಲಿ. ಬೆರಳು ಆ ಹೊತ್ತಿಗೆ ನಾಲ್ಕು ಹಾಳೆ ದಾಟಿತ್ತು.

ಯಾಕೆ ಹೀಗೆ ಎಂದು ಅಪ್ಪನಿಗೆ ತಿಳಿಸಿ ಹೇಳುವುದು ಕಷ್ಟವೇನೂ ಆಗಲಿಲ್ಲ. ಬಡ್ಡಿ ಬೀಳುವುದು ಬಾಕಿ ಉಳಿದ ಸಾಲದ ಮೇಲೆ. ಮೊದಲಿಗೆ ಬಾಕಿ ದೊಡ್ಡದು, ಹಾಗಾಗಿ ಬಡ್ಡಿ ತನ್ನ ಪಾಲನ್ನು ಮೊದಲು ಎತ್ತಿಕೊಂಡು ಉಳಿದ ಚೂರುಪಾರನ್ನು ಅಸಲಿಗೆ ಬಿಡುತ್ತದೆ. ‘ಅಂದ್ರ ಹಿರೇಮಗ ಉಂಡ ಮ್ಯಾಲೆ ಕಿರೇಮಗಗ’ ಎಂದ ಅಪ್ಪ. ಅವನು ಕಿರಿಯ ಮಗ.

ಆಮೇಲೆ ಅವನು ತನ್ನ ಗಣಿತಕ್ಕೆ ಇಳಿದ. ಆ ವರ್ಷ ಗೋವಿನಜೋಳಕ್ಕೆ ಸರಕಾರ ಸಾರಿದ್ದ ಬೆಂಬಲ ಬೆಲೆ ಕ್ವಿಂಟಲಿಗೆ 1,700. ಒಂದು ಕಂತಿಗೆ ಹತ್ತು ಕ್ವಿಂಟಲ್. ಇಡೀ ಸಾಲಕ್ಕೆ 41 ಲಕ್ಷ 65 ಸಾವಿರ, ಅಂದರೆ 2,450 ಕ್ವಿಂಟಲ್. ಎಕರೆಗೆ ಇಪ್ಪತ್ತು ಹಿಡಿದರೆ ನಮ್ಮ ನಾಲ್ಕು ಎಕರೆ ಮೂವತ್ತು ವರ್ಷ ಬೆಳೆಯಬೇಕು, ಬೀಜ, ಗೊಬ್ಬರ, ಆಳು ಎಲ್ಲ ಪುಕ್ಕಟೆ ಸಿಕ್ಕರೆ. ‘ಸೊಸೈಟಿ ಸಾಲ ಬೆಳಿಗೆ ತಂದು ಬೆಳಿಗೆ ತೀರಸೂದು. ಇಪ್ಪತ್ತು ವರ್ಷಕ್ಕ ಬರೂ ಬೆಳಿ ಯಾವುದೈತೋ? ಸಾಗವಾನಿ ಒಂದ.’ ನಾನು ಮುಂಬಾಗಿಲಿನ ಸುದ್ದಿ ಎತ್ತಲಿಲ್ಲ.

ಸೊಸೈಟಿಯ ಮೇಲೆ ಅವನಿಗಿರುವ ವಿಶ್ವಾಸ ಸುಮ್ಮನೆ ಬಂದದ್ದಲ್ಲ. 1905ರಲ್ಲಿ ಕಣಗಿನಹಾಳದಲ್ಲಿ ಸಿದ್ದನಗೌಡ ಪಾಟೀಲರು ಸಹಕಾರಿ ಸಂಘ ಕಟ್ಟಿದ್ದು ನಮ್ಮ ಹಳೇ ಧಾರವಾಡ ಜಿಲ್ಲೆಯಲ್ಲೇ. ಅದೂ ಅಲ್ಲದೆ ಆ ಜುಲೈನಲ್ಲೇ ಆಗಿನ ಮುಖ್ಯಮಂತ್ರಿ ಕುಮಾರಸ್ವಾಮಿಯವರು ಬಜೆಟ್ಟಿನಲ್ಲಿ ಸಾಲ ಮನ್ನಾ ಸಾರಿದ್ದರು. ಅಪ್ಪ ಪಟ್ಟಿ ಮಡಚುತ್ತ ಕೇಳಿದ: ‘ಮನ್ನಾದಾಗ ಇದು ಬರೂದಿಲ್ಲೇನು?’

‘ಅದು ಬೆಳಿ ಸಾಲಕ್ಕಪ್ಪಾ. ಇದು ಮನಿ ಸಾಲ.’

‘ಇದೂ ಬೆಳ್ಯಾಕತ್ತೈತಲ್ಲೋ ಮತ್ತ!’

ಅವ್ವ ಉಂಡಿ ಕಟ್ಟುವುದನ್ನು ಬಿಟ್ಟು ನಕ್ಕಳು.

ಕಂತು ಅನ್ನುವ ಮಾತೇ ನನ್ನನ್ನು ಬಹಳ ದಿನ ಕಾಡಿದೆ. ಹೊತ್ತು ಕಂತುವುದು ಎಂದರೆ ಮುಳುಗುವುದು. ಹಳಗನ್ನಡದಲ್ಲಿ ಕಂತು ಎಂದರೆ ಮನ್ಮಥ. ದಾಸರು ವಿಷ್ಣುವನ್ನು ಕಂತುಪಿತ ಎಂದು ಕರೆದದ್ದು ಅದಕ್ಕೇ. ಮೈಯಿಲ್ಲದವನು, ಕಣ್ಣಿಗೆ ಬೀಳದವನು, ಬಾಣ ಮಾತ್ರ ಗುರಿ ತಪ್ಪದವನು. ಪ್ರತಿ ತಿಂಗಳು 5ನೇ ತಾರೀಖು ಬೆಳಗಾಗುವುದರೊಳಗೆ ನನ್ನ ಖಾತೆಗೆ ಬಂದು ಹೋಗುವವನ ಲಕ್ಷಣವೂ ಇದೇ. ಮುಂಬಯಿಯಲ್ಲಿ ಎರಡು ತಿಂಗಳಿಗೊಮ್ಮೆ ಆರು ಜನ ಕೂತು ನಮ್ಮ ಬಡ್ಡಿಯನ್ನು ಏರಿಳಿಸುವ ರೆಪೊ ದರ ಗೊತ್ತುಮಾಡುತ್ತಾರಲ್ಲ, ಈ ಕಾಲದ ಕಂತುಪಿತರು ಅವರೇ ಇರಬೇಕು. ಕನಕದಾಸರು ಹುಟ್ಟಿದ ಬಾಡ ನಮ್ಮ ಶಿಗ್ಗಾವಿ ತಾಲೂಕಿನದೇ ಆದ್ದರಿಂದ ಇಷ್ಟು ಸಲಿಗೆ ತೆಗೆದುಕೊಂಡಿದ್ದೇನೆ.

ಸಾಲದ ಸಿಹಿಯನ್ನೂ ಸಾಲಿಗ ಬಾಗಿಲಿಗೆ ಬಂದಾಗಿನ ಸಂಕಟವನ್ನೂ ಮೂರು ಸಾಲಿನಲ್ಲಿ ಹೇಳಿಟ್ಟ ಸರ್ವಜ್ಞನೂ ನಮ್ಮ ಜಿಲ್ಲೆಯವನೇ, ಹಿರೇಕೆರೂರು ಕಡೆಯವನು. ಆದರೆ ಅವನ ಸಾಲಿಗ ಬಾಗಿಲಿಗೆ ಬರುತ್ತಿದ್ದ. ಅವನ ಮೀಸೆ ಕಾಣುತ್ತಿತ್ತು, ಚಪ್ಪಲಿಯ ಸಪ್ಪಳ ಕೇಳುತ್ತಿತ್ತು. ನನ್ನ ಸಾಲಿಗ ಏಳು ವರ್ಷದಲ್ಲಿ ಒಮ್ಮೆಯೂ ನನ್ನ ಕೋಗಿಲೆಯನ್ನು ಕೂಗಿಸಿಲ್ಲ. ಒಂದೇ ಸಲ ಎದೆಗೆ ಬೀಳಬೇಕಾದ ಏಟನ್ನು 240 ಚಿವುಟಾಗಿ ಹಂಚಿದ್ದಾನೆ, ಚಿವುಟಿಗೆ ಯಾರು ಕೂಗುತ್ತಾರೆ?

ವಕೀಲ ಗೆಳೆಯನೊಬ್ಬನ ಮುಂದೆ ಈ ಮಾತು ತೆಗೆದಾಗ ಅವನು ‘ದಾಮದುಪ್ಪಟ್’ ಎಂಬ ಹಳೇ ಕಟ್ಟಳೆಯನ್ನು ಹೇಳಿದ. ಹಿಂದೂ ಸಾಲಗಾರನಿಂದ ಒಂದೇ ಸಲಕ್ಕೆ ವಸೂಲು ಮಾಡುವ ಬಡ್ಡಿ ಅಸಲನ್ನು ಮೀರಬಾರದು ಎಂಬ ನಿಯಮ. ನಮ್ಮ ಸೀಮೆ ಮುಂಬಯಿ ಪ್ರಾಂತ್ಯದಲ್ಲಿದ್ದಾಗ ಅಲ್ಲಿನ ಕೋರ್ಟುಗಳು ಅದನ್ನು ಎತ್ತಿಹಿಡಿಯುತ್ತಿದ್ದವು. ನನ್ನ ಬಡ್ಡಿ 21 ಲಕ್ಷ 65 ಸಾವಿರ, ಅಸಲು 20 ಲಕ್ಷ! ನಾನು ಕುರ್ಚಿಯಿಂದ ಎದ್ದೇಬಿಟ್ಟೆ. ‘ಕೂಡೋ ಮಾರಾಯಾ, ನಿನ್ನ ಬಡ್ಡಿ ಬಾಕಿ ಬಿದ್ದಿಲ್ಲ. ತಿಂಗಳಾ ತಿಂಗಳಾ ನೀನs ಖುಷೀಲೇ ಕಟ್ಟಾಕತ್ತೀ’ ಎಂದ. ಕೂತೆ.

ಸಾಲವಿಲ್ಲದೆ ಮನೆ ಕಟ್ಟಿದವನು ಅಪ್ಪ. ಹಿರೇಬೆಂಡಿಗೇರಿಯ ಮನೆ ಮೇಲೇಳಲು ಹನ್ನೊಂದು ವರ್ಷ ಹಿಡಿಯಿತು. ಹತ್ತಿ ಬಂದ ವರ್ಷ ಬುನಾದಿ, ಮೆಣಸಿನಕಾಯಿಗೆ ರೇಟು ಸಿಕ್ಕ ವರ್ಷ ಗೋಡೆ, ಏನೂ ಬರದ ವರ್ಷ ಗೋಡೆಯ ನೆರಳು. ಮಾಳಿಗೆಯಾದ ಮೇಲೂ ಪ್ರತಿ ವರ್ಷ ರೋಹಿಣಿ ಮಳೆಗೆ ಮೊದಲು ಅದಕ್ಕೆ ಮಣ್ಣು ಹೊರುವ ಕಂತು ತಪ್ಪಲಿಲ್ಲ. ಮಾಳಿಗೆ ಸೋರುವುದನ್ನೇ ಹಾಡು ಮಾಡಿದ ಶರೀಫರ ಶಿಶುವಿನಹಾಳ ಇದೇ ತಾಲೂಕಿನಲ್ಲಿರುವುದು ಆಕಸ್ಮಿಕವಲ್ಲ ಎಂದು ನನ್ನ ನಂಬಿಕೆ. ಅವರೂ ಕೆಲಕಾಲ ಸಾಲಿ ಮಾಸ್ತರರು. ನಾನು ಸಾಲಿಗೂ ಸಾಲಕ್ಕೂ ಮಾಸ್ತರ, ಅಷ್ಟೇ ವ್ಯತ್ಯಾಸ.

‘ಒಂದ ರೂಪಾಯಿ ಬಡ್ಡಿ ಕೊಡಲಾರದ ಕಟ್ಟೇನಿ’ ಎಂದು ಅಪ್ಪ ಆ ಪಂಚಮಿಯ ದಿನ ಎದೆ ಸೆಟೆಸಿದಾಗ, ಅವ್ವ ಉಂಡಿಯಿಂದ ತಲೆ ಎತ್ತದೆ ಹೇಳಿದಳು: ‘ಎರಡ ವರ್ಷ ಮನಿಗೆ ಬಾಗಲಾ ಇರಲಿಲ್ಲ. ಗೋಣಿತಟ್ಟು ಕಟ್ಟಿದ್ವಿ. ಇವನ ತೊಟ್ಟಿಲದ ಮಗ್ಗಲಾ ಬಡಗಿ ಇಟ್ಕೊಂಡು ರಾತ್ರಿ ಎಲ್ಲಾ ನಾಯಿ ಕಾದೇನಿ. ಬಡ್ಡಿ ನಾ ಕೊಟ್ಟೇನಿ ತಗೋ.’

ಅಪ್ಪ ಒಂದು ಉಂಡಿ ಬಾಯಿಗೆ ಹಾಕಿಕೊಂಡ. ಮಾತಾಡದಿರಲು ಅದೊಂದು ಒಳ್ಳೆಯ ಉಪಾಯ.

ನನ್ನ ಮಗಳಿಗೆ ಹುಬ್ಬಳ್ಳಿಯಲ್ಲಿ ಮೊದಲ ದಿನದಿಂದಲೂ ಬಾಗಿಲಿತ್ತು. ಹಾಗೆ ನೋಡಿದರೆ 21 ಲಕ್ಷ 65 ಸಾವಿರವನ್ನು ನಾನು ದೂರುವ ಹಾಗಿಲ್ಲ. ದೂರುವುದನ್ನು ಬಿಟ್ಟಿಲ್ಲ ಎನ್ನುವುದು ಬೇರೆ ಮಾತು.

ಪಟ್ಟಿ ಹೇಳಿದಂತೆ ಸಾಲ ನಡೆಯುವುದೂ ಇಲ್ಲ. 2020ರಲ್ಲಿ ಕೊರೊನಾ ಬಂದು ಆರು ತಿಂಗಳು ಕಂತಿಗೆ ವಿನಾಯಿತಿ ಸಿಕ್ಕಾಗ ಓಣಿಯವರೆಲ್ಲ ಮನ್ನಾ ಎಂದೇ ತಿಳಿದಿದ್ದರು. ರಜೆ ಸಿಕ್ಕಿದ್ದು ಕಂತಿಗೆ, ಬಡ್ಡಿ ದಿನಾ ಹಾಜರಿತ್ತು. ಆಮೇಲೆ ರೆಪೊ ದರ 4ಕ್ಕೆ ಇಳಿದಿದ್ದ ಕಾಲದಲ್ಲಿ, 2021ರಲ್ಲಿ, ನಮ್ಮ ಶಾಲೆಯ ತರುಣ ಗಣಿತ ಮಾಸ್ತರರು ಶೇಕಡಾ 6.75ಕ್ಕೆ 20 ಲಕ್ಷ ತಂದರು. ಕಂತು 15,207. ನನ್ನ ಕಡೆ ನೋಡಿ ಮರುಕ ಪಟ್ಟರು. 2022ರ ಮೇ ತಿಂಗಳಿಂದ 2023ರ ಫೆಬ್ರವರಿಯೊಳಗೆ ರೆಪೊ 6.5ಕ್ಕೆ ಏರಿತು. ಅವರ ದರ 9.25. ಕಂತು ಮಾತ್ರ ಅಷ್ಟೇ ಇತ್ತು, ಹಾಗಾಗಿ ಗಣಿತದವರಾದರೂ ಅವರು ಲೆಕ್ಕಕ್ಕೆ ಹೋಗಿರಲಿಲ್ಲ. ಒಂದು ದಿನ ಮೊಬೈಲಿನಲ್ಲಿ ನೋಡುತ್ತಾರೆ, ಕಂತಿನ ಬಹುಪಾಲೆಲ್ಲ ಬಡ್ಡಿಗೇ ಹೋಗಿ, ತೀರಲು ಇನ್ನೂ 35 ವರ್ಷದ ಮೇಲೆ ಬೇಕು. ‘ಸರ, ನನ್ನ ರಿಟೈರ್ಮೆಂಟಿಗೆ ಇಪ್ಪತ್ತಾರ ವರ್ಷ ಐತಿ’ ಎಂದು ಸ್ಟಾಫ್ ರೂಮಿನಲ್ಲಿ ಬೆವೆತರು. ಕಂತು ಏರಿಸಬೇಕೋ ವರ್ಷ ಏರಿಸಬೇಕೋ ಎಂದು ಸಾಲಗಾರನನ್ನು ಕೇಳಿಯೇ ಮಾಡಬೇಕೆಂದು ರಿಸರ್ವ್ ಬ್ಯಾಂಕು ಹೇಳಿದ್ದು 2023ರ ಆಗಸ್ಟಿನಲ್ಲಿ. ಅವರು ಕಂತು ಏರಿಸಿಕೊಂಡರು. ಮರುಕ ಪಡುವ ಸರದಿ ನನ್ನದಾಯಿತು.

ಬಡ್ಡಿಯನ್ನು ಸ್ವಲ್ಪ ಚಿವುಟುವ ದಾರಿ ನಮಗೂ ಇದೆ. ಏರಿಳಿಯುವ ಬಡ್ಡಿಯ ಮನೆ ಸಾಲವನ್ನು ಮುಂಚಿತವಾಗಿ ಕಟ್ಟಿದರೆ ಬ್ಯಾಂಕುಗಳು ದಂಡ ಹಾಕುವ ಹಾಗಿಲ್ಲ ಎಂದು 2012ರಲ್ಲೇ ನಿಯಮವಾಗಿದೆ. ವರ್ಷಕ್ಕೆ ಒಂದೇ ಒಂದು ಕಂತು ಹೆಚ್ಚಿಗೆ ಕಟ್ಟುತ್ತ ಹೋದರೆ 20 ವರ್ಷದ ಸಾಲ ಮೂರು ವರ್ಷಕ್ಕೂ ಹೆಚ್ಚು ಮೊದಲೇ ಮುಗಿಯುತ್ತದೆ. ಹೆಂಡತಿಯ ಭಿಶಿ ಚೀಟಿ ಎದ್ದ ತಿಂಗಳು ನಾನು ಬ್ಯಾಂಕಿಗೆ ಹೋದರೆ ಕೌಂಟರಿನ ಹುಡುಗ, ‘ಕಂತು ಕಮ್ಮಿ ಮಾಡ್ಲ್ಯೋ, ವರ್ಷ ಕಮ್ಮಿ ಮಾಡ್ಲ್ಯೋ ಸರ?’ ಎಂದು ಕೇಳುತ್ತಾನೆ. 2018ರಲ್ಲಿ ಚಹಾ ಕುಡಿಯುತ್ತ ತಪ್ಪಿದ ಉತ್ತರವನ್ನು ಈಗ ಗಟ್ಟಿಯಾಗಿ ಹೇಳುತ್ತೇನೆ: ‘ವರ್ಷ.’

ಅಪ್ಪನ ಲೆಕ್ಕವೂ ಮುಂದುವರಿದಿದೆ. 2025ರಲ್ಲಿ ಬೆಂಬಲ ಬೆಲೆ 2,400 ಆದಾಗ ಫೋನು ಬಂತು: ‘ತಮ್ಮಾ, ನಿನ್ನ ಕಂತು ಹತ್ತು ಕ್ವಿಂಟಲ್ ಇದ್ದದ್ದು ಏಳಕ್ಕ ಬಂತಲ್ಲೋ!’ ಕಂತಿನ ಅಂಕಿ ಅಲ್ಲೇ ನಿಂತಿದೆ, ಸುತ್ತಲಿನ ಬೆಲೆಯೆಲ್ಲ ಏರಿ ಕಂತು ತೆಳ್ಳಗಾಗಿದೆ. ಈ ಗುಟ್ಟನ್ನು ನನಗಿಂತ ಮೊದಲು ಹಿಡಿದವನು ಅವನೇ. ಆದರೆ ಪೇಟೆಯಲ್ಲಿ ಬೆಂಬಲ ಬೆಲೆ ಸಿಗದೆ ಹೋದರೆ ಕಂತು ಮತ್ತೆ ದಪ್ಪಗಾಗುತ್ತದೆ ಎಂದು ತಾನೇ ಸೇರಿಸಿದ.

ಹೋದ ಸುಗ್ಗಿಯಲ್ಲಿ, ಎಪ್ಪತ್ತೆಂಟರ ಅಪ್ಪ ಒಬ್ಬನೇ ಬಸ್ಸು ಹತ್ತಿ ಹುಬ್ಬಳ್ಳಿಗೆ ಬಂದ. ಬಾಗಿಲು ಬಡಿಯುವ ಸಪ್ಪಳ ಕೇಳಿ ತೆಗೆದರೆ ಬೆರಳ ಗೆಣ್ಣು ಸಾಗವಾನಿಯ ಮೇಲೇ ಇತ್ತು. ಅಂಗಿಯ ಒಳಜೇಬಿನಿಂದ ರಬ್ಬರು ಸುತ್ತಿದ ನೋಟಿನ ಕಟ್ಟು ತೆಗೆದು, ‘ಬಡ್ಡಿಗಲ್ಲ, ಅಸಲಿಗೆ ಹಚ್ಚು’ ಎಂದ. ನನಗೆ ಏನು ಹೇಳಬೇಕೋ ತೋಚದೆ, ‘ಗಂಟಿ ಐತಲ್ಲಪ್ಪಾ, ಒತ್ತೂದಲ್ಲೇನು?’ ಎಂದೆ.

ಅಪ್ಪ ಕೋಗಿಲೆಯ ಗುಂಡಿಯನ್ನು ಒಮ್ಮೆ ನೋಡಿದ.

‘ಇರಲಿ ಬಿಡು. ಅದರ ಸಾಲ ಹರೀಲಿ, ಆಮ್ಯಾಲ ಒತ್ತತೇನಿ.’