ಸೆಟ್ಟಿಂಗ್ಸ್ ಮಾಣಿ

ತುಂಗೆಯ ದಡದ ಹರಿಹರಪುರದಲ್ಲೂ ಕೊಪ್ಪ, ಶೃಂಗೇರಿಗಳ ಸುತ್ತಲೂ ಸೆಟ್ಟಿಂಗ್ಸ್ ಮಾಣಿ ಧಾರಾಳವಾಗಿ ಸಿಗುತ್ತಾನೆ. ವಯಸ್ಸು ಹದಿನೆಂಟಿದ್ದೀತು, ಅರವತ್ತಿದ್ದೀತು. ಊಟದ ಪಂಕ್ತಿಯಲ್ಲೂ ಪಕ್ಕದವರ ಮೊಬೈಲನ್ನು 'ಒಂದ್ನಿಮಿಷ ಕೊಡಿ' ಎಂದು ಇಸಿದುಕೊಳ್ಳುವುದು ಮುಖ್ಯ ಲಕ್ಷಣ. ಪಾಯಸ ಬಂದುಹೋದರೂ ಆ ನಿಮಿಷ ಮುಗಿಯುವುದಿಲ್ಲ.

ಇವನನ್ನು ಹುಟ್ಟಿಸಿದ್ದು ನೆಟ್‌ವರ್ಕ್. ಗುಡ್ಡದ ಮರೆಯ ಮನೆಗಳಲ್ಲಿ ಸಿಗ್ನಲ್ 4ಜಿಯಿಂದ 2ಜಿಗೆ ಜಾರುತ್ತಲೇ ಇರುತ್ತದೆ. ಅದನ್ನು 4ಜಿಯಲ್ಲೇ ಕಟ್ಟಿಹಾಕುವ ಆಯ್ಕೆ ಫೋನಿನೊಳಗೆ ಅಡಗಿದೆ. ಕೆಲವು ಫೋನುಗಳಲ್ಲಿ *#*#4636#*#* ಒತ್ತಿ, ತೆರೆಯುವ ಪುಟದಲ್ಲಿ ಅದನ್ನು ಆರಿಸಿದರೆ ಕೆಲಸ ಮುಗಿಯಿತು. ಅಷ್ಟು ಸುಲಭದ ದಾರಿ ಮಾಣಿಗೆ ರುಚಿಸದು, ಅವನು ಫೋನಿನ ಒಳಗಿನ ಸೆಟ್ಟಿಂಗ್ ಪಟ್ಟಿಯನ್ನೇ ನೇರ ತಿದ್ದಲು ಹೊರಡುತ್ತಾನೆ.

ಆಂಡ್ರಾಯ್ಡ್ ತನ್ನ ಸೆಟ್ಟಿಂಗ್‌ಗಳನ್ನು ಸಿಸ್ಟಮ್, ಸೆಕ್ಯೂರ್, ಗ್ಲೋಬಲ್ ಎಂಬ ಮೂರು ಪಟ್ಟಿಗಳಲ್ಲಿ ಇಡುತ್ತದೆ. ಮೊದಲನೆಯದನ್ನು ಫೋನಿನವರು ಒಪ್ಪಿದರೆ ಆಪ್ ತಿದ್ದಬಹುದು. ಅಕ್ಷರದ ಗಾತ್ರ ಇರುವುದು ಅಲ್ಲೇ. (ಇದನ್ನು ಬರೆದವರ ಫೋನನ್ನು ಓದಲು ಇಂದಿಗೂ ಕನ್ನಡಕದ ಜೊತೆ ಭೂತಗನ್ನಡಿ ಬೇಕು.) ಉಳಿದೆರಡರ ಅನುಮತಿ ಪರದೆ ಒತ್ತಿದರೆ ಸಿಗದು, ಸಾಮಾನ್ಯವಾಗಿ ಕಂಪ್ಯೂಟರಿಗೆ ಜೋಡಿಸಿ, ಅಲ್ಲಿಂದ ಫೋನಿಗೆ ಆದೇಶ ಕೊಡುವ ಎಡಿಬಿ ಎಂಬ ಸಾಧನದಿಂದ ಕೊಡಿಸಬೇಕು. ಅದಕ್ಕೆ ಮೊದಲು ಬಿಲ್ಡ್ ನಂಬರನ್ನು 7 ಸಲ ಒತ್ತಬೇಕು, ಆಗ ತೆರೆದ ಡೆವಲಪರ್ ಆಯ್ಕೆಗಳಲ್ಲಿ ಯುಎಸ್‌ಬಿ ಡೀಬಗ್ಗಿಂಗ್ ಆನ್ ಮಾಡಬೇಕು. ಆ ಏಳು ಒತ್ತುಗಳನ್ನು ಮಾಣಿ ಸಂಧ್ಯಾವಂದನೆಯ ಆಚಮನದಷ್ಟು ಗಂಭೀರವಾಗಿ ಮುಗಿಸುತ್ತಾನೆ.

ಮೊದಲ ವಿಘ್ನ ಕೇಬಲ್. ಚಾರ್ಜಿಗೆಂದೇ ಮಾಡಿದ ಅಗ್ಗದ ಕೇಬಲ್ಲಿನಲ್ಲಿ ಡೇಟಾದ ತಂತಿಯೇ ಇರುವುದಿಲ್ಲ. ಕಂಪ್ಯೂಟರಿಗೆ ಫೋನು ಕಾಣುವುದೇ ಇಲ್ಲ. ಕಂಡ ಮೇಲೆ 'ಪರ್ಮಿಷನ್ ಡಿನೈಡ್'. ಮಾಣಿ ಇದನ್ನು ಮನೆತನಕ್ಕಾದ ಅವಮಾನವೆಂದು ತಿಳಿದು, ಅದೇ ಆದೇಶವನ್ನು ಇನ್ನಷ್ಟು ಜೋರಾಗಿ ಟೈಪ್ ಮಾಡುತ್ತಾನೆ. ಹಲವು ಶಿಯೋಮಿ ಫೋನುಗಳಲ್ಲಿ 'ಸೆಕ್ಯುರಿಟಿ ಸೆಟ್ಟಿಂಗ್ಸ್' ಎಂಬ ಇನ್ನೊಂದು ಡೀಬಗ್ಗಿಂಗ್ ಗುಂಡಿಯಿದೆ. ಅದನ್ನು ಆನ್ ಮಾಡಲು ಒಳಗೆ ಸಿಮ್ ಇರಬೇಕು, ಕಂಪನಿಯ ಖಾತೆಗೆ ಲಾಗಿನ್ ಆಗಬೇಕು. ಲಾಗಿನ್‌ಗೆ ನೆಟ್‌ವರ್ಕ್ ಬೇಕು. ನೆಟ್‌ವರ್ಕ್ ಇದ್ದಿದ್ದರೆ ಫೋನು ಮಾಣಿಯ ಕೈಗೆ ಯಾಕೆ ಹೋಗುತ್ತಿತ್ತು?

ಗೆದ್ದ ಮೇಲಿನದು ಬೇರೆ ಕಥೆ. 4ಜಿಗೆ ಕಟ್ಟಿಹಾಕಿದ ಫೋನಿನಲ್ಲಿ ವೋಲ್ಟೆ (4ಜಿಯಲ್ಲೇ ಮಾತಾಡುವ ಸೌಲಭ್ಯ) ಇಲ್ಲದಿದ್ದರೆ ಮಾಮೂಲಿ ಕರೆ ಬರುವುದಿಲ್ಲ. ಭಾನುವಾರ ಬೆಂಗಳೂರಿನ ಮಗನ ಕರೆಗೆ ಕಾದ ಅಜ್ಜಿ ಸೋಮವಾರ ಮಾಣಿಗೇ ಹೇಳಿಕಳಿಸುತ್ತಾರೆ. ಮಾಣಿ ಮಳೆಯಲ್ಲಿ ಗುಡ್ಡ ಇಳಿದು ಬರುತ್ತಾನೆ, ಕಾಫಿ ಕುಡಿಯುತ್ತಾನೆ, ಅಡಿಕೆ ಕೊಳೆಯ ಸುದ್ದಿ ಕೇಳುತ್ತಾನೆ. ಅಷ್ಟು ಹೊತ್ತು ಆ ಜಗಲಿಯಲ್ಲಿ ಕೂರುವವರು ಈಗ ಬೇರೆ ಯಾರೂ ಇಲ್ಲ. ತಿದ್ದುವ ಮೊದಲು ಸೆಟ್ಟಿಂಗಿನ ಹಳೆಯ ಮೌಲ್ಯವನ್ನು ಬರೆದಿಟ್ಟುಕೊಳ್ಳುವ ಅಭ್ಯಾಸ ಅವನಿಗಿಲ್ಲ. ಹಾಗಾಗಿ 'ನೆಟ್‌ವರ್ಕ್ ರೀಸೆಟ್' ಒತ್ತುತ್ತಾನೆ. ಅದರೊಂದಿಗೆ ಫೋನು ನೆನಪಿಟ್ಟುಕೊಂಡಿದ್ದ ವೈಫೈ ಪಾಸ್‌ವರ್ಡೂ ಹೋಗುತ್ತದೆ. ಅದು ಗೊತ್ತಿರುವುದು ಬೆಂಗಳೂರಿನ ಮಗನಿಗೆ ಮಾತ್ರ.