ಮದುಮಗಳ ನಿದ್ದೆ ಕಾಯುವವರು ಯಾರು?

ಬನ್ನಿ, ದಾಸವಾಳ ಕೀಳುತ್ತಲೇ ಎರಡು ಮಾತಾಡೋಣ. ನಿಮ್ಮ ಕಣ್ಣ ಕೆಳಗೆ ಕಪ್ಪು ಕಟ್ಟಿದೆ, ಮಗಳ ಮುಖವೂ ಬಾಡಿದೆ. ‘ಮದುವೆ ಮನೆ ಅಂದಮೇಲೆ ನಿದ್ದೆ ಎಲ್ಲಿಂದ ಬರಬೇಕು’ ಅನ್ನುತ್ತೀರಿ. ನಾನಿದನ್ನು ಒಪ್ಪುವುದಿಲ್ಲ. ಒಡವೆಯನ್ನು ಲಾಕರಿನಲ್ಲಿಟ್ಟು ಕಾಯುತ್ತೇವಲ್ಲ, ಮದುಮಗಳ ನಿದ್ದೆಯನ್ನೂ ಹಾಗೇ ಕಾಯಬೇಕು.

ನಮ್ಮ ಕಡೆಯ ಮದುವೆಯ ಲೆಕ್ಕವನ್ನೇ ನೋಡಿ. ಹಿಂದಿನ ಸಂಜೆ ಆರತಕ್ಷತೆ. ಏಳಕ್ಕೆ ವೇದಿಕೆ ಹತ್ತಿದ ಹುಡುಗ ಹುಡುಗಿ ಬಂದವರಿಗೆಲ್ಲ ಕೈಮುಗಿದು, ಫೋಟೋಗೆ ನಕ್ಕು, ಇಳಿಯುವಾಗ ಹತ್ತೂವರೆ. ಊಟ ಮುಗಿಸಿ, ಜಡೆಯ ಹೂವು ಪಿನ್ನು ಬಿಚ್ಚಿ ತಲೆ ದಿಂಬಿಗೆ ತಾಗುವಾಗ ಹನ್ನೆರಡು. ಮುಹೂರ್ತ ಬೆಳಗಿನ ಆರಕ್ಕಿದ್ದರೆ ಮೇಕಪ್ಪಿನವರು ಮೂರಕ್ಕೇ ಬಾಗಿಲು ತಟ್ಟುತ್ತಾರೆ. ದೊಡ್ಡವರಿಗೆ ರಾತ್ರಿ ಕಡಿಮೆಯೆಂದರೂ 7 ಗಂಟೆ ನಿದ್ದೆ ಬೇಕು ಅನ್ನುತ್ತಾರೆ ವೈದ್ಯರು. ಇವಳಿಗೆ ಸಿಗುವುದು 3 ಗಂಟೆ, ಅದೂ ನೆಂಟರ ಮಕ್ಕಳು ಓಡಾಡುವ ಛತ್ರದ ಕೋಣೆಯಲ್ಲಿ. ಆಮೇಲೆ ಧಾರೆ ಆಗುವವರೆಗೆ ಉಪವಾಸ, ಹೋಮದ ಹೊಗೆ. ತಲೆ ಸುತ್ತಿದರೆ ದೃಷ್ಟಿ ಆಯಿತು ಅನ್ನುತ್ತೇವೆ. ದೃಷ್ಟಿ ತೆಗೆಯೋಣ, ಬೇಡ ಅನ್ನುವುದಿಲ್ಲ. ಆದರೆ ಬರಿಹೊಟ್ಟೆ, ನಿದ್ದೆಗೇಡು ಎರಡೂ ಸೇರಿದರೆ ಯಾರಿಗಾದರೂ ತಲೆ ಸುತ್ತುತ್ತದೆ.

ಇದನ್ನು ಲಗ್ನಪತ್ರಿಕೆ ಬರೆಸುವಾಗಲೇ ಯೋಚಿಸಬೇಕು. ಮಧ್ಯಾಹ್ನದ ಅಭಿಜಿನ್ ಲಗ್ನ ಇದೆಯಲ್ಲ, ಅದನ್ನೇ ಇಟ್ಟುಕೊಡಿ ಅಂತ ಪುರೋಹಿತರನ್ನು ಕೇಳಬಹುದು. ಆರತಕ್ಷತೆಯನ್ನು ಧಾರೆಯ ದಿನ ಸಂಜೆಗೆ ಇಡಬಹುದು. ನಿಮ್ಮಲ್ಲಿ ಕರೆಯೋಲೆ ಹಂಚಿ ಆಗಿದೆ, ಇರಲಿ. ಒಂಬತ್ತೂವರೆಗೆ ವೇದಿಕೆಯಿಂದ ಇಳಿಸುತ್ತೇವೆ ಅಂತ ಫೋಟೋದವರಿಗೆ ಈಗಲೇ ಹೇಳಿಡಿ. ಮಗಳಿಗೆ ಒಂದು ಕೋಣೆ ಬೇರೆಯೇ ಇರಲಿ. ಅದರ ಬೀಗದ ಕೈ ಯಾರ ಮುಲಾಜೂ ನೋಡದ ಒಬ್ಬ ಚಿಕ್ಕಮ್ಮನ ಸೆರಗಿನಲ್ಲಿರಲಿ.

ಧಾರೆಯ ಹಿಂದಿನ ರಾತ್ರಿಯ ನಿದ್ದೆ ಸ್ವಲ್ಪ ಕೆಡುವುದೇ. ಅದಕ್ಕೆ ಹೆದರಬೇಡಿ, ಒಂದು ರಾತ್ರಿ ಕಡಿಮೆಯಾದರೆ ದೇಹ ಸುಧಾರಿಸಿಕೊಳ್ಳುತ್ತದೆ. ಅದಕ್ಕಿಂತ ಮುಂಚಿನ ವಾರ ಮುಖ್ಯ. ಮುಂಚಿನ ವಾರವೇ ಹೆಚ್ಚು ಹೊತ್ತು ಮಲಗಿದವರು ಮುಂದೆ ಬರುವ ನಿದ್ದೆಗೇಡನ್ನು ಚೆನ್ನಾಗಿ ತಾಳಿಕೊಂಡರು ಅಂತ ಅಮೆರಿಕದ ಸೇನೆಯ ಸಂಶೋಧಕರು 2009ರಲ್ಲಿ ತೋರಿಸಿದ್ದಾರೆ. ಹಾಗಾಗಿ ಚಪ್ಪರದ ಶಾಸ್ತ್ರ, ಬಳೆ ಶಾಸ್ತ್ರ ಎಲ್ಲ ಹಗಲಿನಲ್ಲೇ ಮುಗಿಯಲಿ. ರಾತ್ರಿ ಹತ್ತಾದರೆ ದೀಪ ಆರಲಿ.

ಮಲಗಿದರೂ ನಿದ್ದೆ ಹತ್ತುವುದಿಲ್ಲ, ಅಲ್ಲವೇ? ಹಗಲೆಲ್ಲ ಕೆಲಸದ ಮೇಲೆ ಕೆಲಸ, ಚಿಂತೆಗೆ ಪುರುಸೊತ್ತಿಲ್ಲ. ದಿಂಬಿಗೆ ತಲೆ ಕೊಟ್ಟಾಗಲೇ ಬೀಗರ ಸೀರೆಗೆ ಫಾಲ್ ಹಾಕಿಸಿಲ್ಲ, ತೆಂಗಿನಕಾಯಿ ಹೇಳಿಲ್ಲ, ಅತ್ತಿಗೆಯನ್ನು ಖುದ್ದಾಗಿ ಕರೆದಿಲ್ಲ ಅಂತ ಒಂದೊಂದೇ ಬರುತ್ತದೆ. ಇದಕ್ಕೆ ಕಾಗದ, ಪೆನ್ನು ಸಾಕು. ಬೇಲರ್ ವಿಶ್ವವಿದ್ಯಾಲಯದವರು 57 ಯುವಕ ಯುವತಿಯರನ್ನು ಮಲಗಿಸಿ ನೋಡಿದ ಪ್ರಯೋಗವೊಂದು 2018ರಲ್ಲಿ ಪ್ರಕಟವಾಯಿತು. ಮಲಗುವ ಮುಂಚೆ 5 ನಿಮಿಷ ಮುಂದೆ ಮಾಡಬೇಕಾದ ಕೆಲಸಗಳನ್ನು ಬರೆದವರಿಗೆ, ಮಾಡಿ ಮುಗಿಸಿದ್ದನ್ನು ಬರೆದವರಿಗಿಂತ ಸುಮಾರು 9 ನಿಮಿಷ ಬೇಗ ನಿದ್ದೆ ಬಂತಂತೆ. ಎಷ್ಟು ಬಿಡಿಸಿ ಬರೆದರೆ ಅಷ್ಟು ಒಳ್ಳೆಯದು. ನೀವೂ ಬರೆಯಿರಿ. ಜೊತೆಗೆ ಪ್ರತಿ ಕೆಲಸದ ಮುಂದೆ ಅದನ್ನು ಮಾಡುವವರ ಹೆಸರು ಹಾಕಿ. ಎಲ್ಲದರ ಮುಂದೆಯೂ ನಿಮ್ಮ ಹೆಸರೇ ಬಂದರೆ ನಿದ್ದೆ ಕೆಟ್ಟಿದ್ದೇಕೆ ಅಂತ ಅಲ್ಲೇ ಗೊತ್ತಾಗುತ್ತದೆ. ಹಿಂದೆ ಹಪ್ಪಳ ಸಂಡಿಗೆಗೆ ಕೇರಿಯೆಲ್ಲ ಸೇರುತ್ತಿತ್ತು. ಇವರ ಮನೆಗೆ ಅವರು, ಅವರ ಮನೆಗೆ ಇವರು ಅಂತ ಮುಯ್ಯಾಳು ನಡೆಯುತ್ತಿತ್ತು. ಈಗ ಎಲ್ಲವನ್ನೂ ಕಂಟ್ರಾಕ್ಟಿಗೆ ಕೊಟ್ಟಿದ್ದೇವೆ, ಚಿಂತೆಯನ್ನು ಮಾತ್ರ ಹಂಚಿಕೊಳ್ಳುವವರಿಲ್ಲ.

ಇನ್ನು ಕಾಫಿ. ಕರೆಯಲು ಬಂದವರು, ನೋಡಲು ಬಂದವರು ಅಂತ ಒಬ್ಬೊಬ್ಬರ ಜೊತೆಗೂ ನೀವೊಂದು ಲೋಟ ಕುಡಿಯುತ್ತೀರಿ. ಕುಡಿದ ಕೆಫೀನಿನಲ್ಲಿ ಅರ್ಧ ಕರಗುವುದಕ್ಕೇ ಸುಮಾರು 5 ಗಂಟೆ ಬೇಕು. ಸಂಜೆ ಆರರ ಕಾಫಿಯ ಅರ್ಧ ರಾತ್ರಿ ಹನ್ನೊಂದಕ್ಕೂ ಮೈಯಲ್ಲೇ ಇರುತ್ತದೆ. ಮಧ್ಯಾಹ್ನದ ಮೇಲೆ ನೆಂಟರಿಗೆ ಕಾಫಿ ಕೊಡಿ, ನೀವು ಮಜ್ಜಿಗೆ ಕುಡಿಯಿರಿ. ಇಪ್ಪತ್ತು ನಿಮಿಷವಾದರೂ ನಿದ್ದೆ ಬರಲಿಲ್ಲವೆಂದರೆ ಹೊರಳಾಡಬೇಡಿ. ಎದ್ದು ಹೊರಗಿನ ಕೋಣೆಯಲ್ಲಿ ಹೂ ಕಟ್ಟಿ, ತೂಕಡಿಕೆ ಬಂದಾಗ ಹೋಗಿ ಮಲಗಿ. ಯಾರೋ ನೆಂಟರು ಪರ್ಸಿನಿಂದ ತೆಗೆದುಕೊಡುವ ನಿದ್ದೆ ಮಾತ್ರೆ ಮಾತ್ರ ಬೇಡವೇ ಬೇಡ. ಆಲ್ಪ್ರಜೋಲಾಮ್‌ನಂಥ ಮಾತ್ರೆಯನ್ನು ವೈದ್ಯರ ಚೀಟಿ ಇಲ್ಲದೆ ಮಾರುವಂತಿಲ್ಲ, ಅಭ್ಯಾಸವಾದರೆ ಬಿಡಿಸುವುದೂ ಕಷ್ಟ.

ನಿಮ್ಮ ಯಜಮಾನರನ್ನೂ ವಿಚಾರಿಸಿ. ಗಂಡಸರು ಬಾಯಿ ಬಿಡುವುದಿಲ್ಲ. ಅವರ ನಿದ್ದೆಗೇಡಿಗೆ ಬಹಳ ಸಲ ಸಾಲವೇ ಕಾರಣ. ಕುವೆಂಪು 1966ರಲ್ಲಿ ಮಗ ತೇಜಸ್ವಿಯ ಮದುವೆಯನ್ನು ಮಂತ್ರಮಾಂಗಲ್ಯದಲ್ಲಿ ಸರಳವಾಗಿ ಮಾಡಿಸಿದರು. ಅಷ್ಟು ಸರಳವಾಗಿ ಮಾಡಲು ನಮಗೆ ಆಗದಿದ್ದರೂ ಊಟದ ಪಟ್ಟಿಯಿಂದ ನಾಲ್ಕು ಸಿಹಿ ತೆಗೆದುಹಾಕಲು ಆಗುತ್ತದೆ. ಹಾಗೆ ಮಾಡಿದರೆ ಮರ್ಯಾದೆ ಹೋಗುವುದಿಲ್ಲ.

ಕೊನೆಯದಾಗಿ ಮಗಳ ಮಾತು. ತೌರು ಬಿಡುವ ಸಂಕಟಕ್ಕೆ ನಿದ್ದೆ ಕೆಡುವುದು ಸಹಜ. ಪಕ್ಕದಲ್ಲಿ ಕೂತು ತಲೆಗೆ ಎಣ್ಣೆ ಹಚ್ಚಿ, ಅವಳ ಮಾತು ಕೇಳಿಸಿಕೊಂಡರೆ ಅದು ಹಗುರಾಗುತ್ತದೆ. ಆದರೆ ಊಟ ಸೇರದೆ, ಎದೆ ಹೊಡೆದುಕೊಂಡು, ಹುಡುಗನ ಫೋನ್ ಬಂದರೆ ಮುಖ ಕಪ್ಪಿಡುತ್ತಿದ್ದರೆ ನೇರವಾಗಿ ಕೇಳಿಬಿಡಿ: ‘ನಿನಗೆ ಈ ಮದುವೆ ಇಷ್ಟ ಇದೆಯಾ?’ ಇಲ್ಲ ಅಂದರೆ ಅದನ್ನು ಕೇಳಿಸಿಕೊಳ್ಳುವ ಧೈರ್ಯ ನಮಗಿರಬೇಕು. ಛತ್ರದ ಮುಂಗಡ ಹೋದರೆ ಹೋಗಲಿ. ಮನೆಯವರ ಹತ್ತಿರ ಹೇಳಲಾಗದ ತಳಮಳವಿದ್ದರೆ 14416ಕ್ಕೆ ಫೋನ್ ಮಾಡಬಹುದು. ಅದು ಕೇಂದ್ರ ಸರ್ಕಾರ 2022ರಲ್ಲಿ ಶುರು ಮಾಡಿದ ಟೆಲಿ ಮಾನಸ್ ಸಹಾಯವಾಣಿ. ಅದಕ್ಕೆ ನಮ್ಮ ನಿಮ್ಹಾನ್ಸ್‌ನ ಮಾರ್ಗದರ್ಶನವಿದೆ. ಹಗಲು ರಾತ್ರಿ ಉಚಿತ, ಕನ್ನಡದಲ್ಲೇ ಮಾತಾಡುತ್ತಾರೆ.

ಈಗ ಒಳಗೆ ಹೋಗಿ ಆ ಪಟ್ಟಿ ಬರೆಯಿರಿ. ತಾಂಬೂಲದ ಚೀಲ ತುಂಬುವ ಕೆಲಸದ ಮುಂದೆ ನನ್ನ ಹೆಸರು ಹಾಕಿ. ಕಾಯಿ, ಚೀಲ ಎಲ್ಲ ಇವತ್ತೇ ಈ ಕಡೆ ಕಳಿಸಿ, ಹಗಲಲ್ಲೇ ಮುಗಿಸಿ ಕೊಡುತ್ತೇನೆ.